ಚಿತ್ರಕ್ಕೆ ಪ್ರಶಸ್ತಿ, ಹಾಡಿದವರಿಗೆ ಜೈಲು: ಸ್ವತಂತ್ರ ಸಾಕ್ಷ್ಯಚಿತ್ರಗಳ ಸುತ್ತ ಏನಾಗುತ್ತಿದೆ?

ಒಡಿಶಾದ ಕಾಶೀಪುರದಲ್ಲಿ ಬಾಕ್ಸೈಟ್ ಗಣಿ ಬೇಡ ಎಂದು ಆದಿವಾಸಿಗಳು ವರ್ಷಗಟ್ಟಲೆ ಹೋರಾಡಿದರು. 2000ದ ಡಿಸೆಂಬರ್‌ನಲ್ಲಿ ಮೈಕಾಂಚ್ ಎಂಬ ಹಳ್ಳಿಯಲ್ಲಿ ಪೊಲೀಸರ ಗುಂಡಿಗೆ ಮೂವರು ಬಲಿಯಾದರು. ಆ ಹೋರಾಟದ ಮುಂದಾಳು ಭಗವಾನ್ ಮಾಝಿ ಅವರ ಹಾಡೊಂದರಿಂದ ಪ್ರೇರಣೆ ಪಡೆದು, ಜಾರ್ಖಂಡ್‌ನ ಸಾಕ್ಷ್ಯಚಿತ್ರ ನಿರ್ದೇಶಕ ಮೇಘನಾಥ್ ಒಂದು ಹಾಡು ಬರೆದರು. ಅದೇ ನಾಡಿನ ಹಾಡುಗಾರ ಮಧು ಮನ್ಸೂರಿ ಹಸ್‌ಮುಖ್ ಅದನ್ನು ಹಾಡಿದರು. ಇನ್ನೊಬ್ಬ ಸಾಕ್ಷ್ಯಚಿತ್ರ ನಿರ್ದೇಶಕ ಕೆ.ಪಿ. ಶಶಿ ಅದಕ್ಕೆ ದೃಶ್ಯ ಜೋಡಿಸಿದರು. ಊರು ಬಿಡೆವು, ಕಾಡು ಬಿಡೆವು ಎನ್ನುವ ಕೆಲವೇ ನಿಮಿಷಗಳ ಆ ವಿಡಿಯೊ 'ಗಾಂವ್ ಛೋಡಬ್ ನಾಹೀಂ' ಎಂಬ ಹೆಸರಿನಲ್ಲಿ ದೇಶದ ಮೂಲೆಮೂಲೆ ತಲುಪಿತು.

ಶಶಿ ಬಹುಕಾಲ ಬೆಂಗಳೂರಿನಲ್ಲಿದ್ದು ಕೆಲಸ ಮಾಡಿದವರು. ನರ್ಮದಾ ಕಣಿವೆಯ ಬಗ್ಗೆ, ಒಡಿಶಾದ ಕಂಧಮಾಲ್ ಹಿಂಸೆಯ ಬಗ್ಗೆ ಚಿತ್ರ ಮಾಡಿದವರು. ವ್ಯಂಗ್ಯಚಿತ್ರಕಾರರೂ ಹೌದು. 2022ರ ಡಿಸೆಂಬರ್ 25ರಂದು ತೀರಿಕೊಂಡರು. ಆ ಹಾಡು ಗೊತ್ತಿರುವ ಎಷ್ಟೋ ಜನರಿಗೆ ಅವರ ಉದ್ದದ ಚಿತ್ರಗಳ ಹೆಸರೂ ಗೊತ್ತಿಲ್ಲ. ವರ್ಷಗಳ ದುಡಿಮೆಯ ಚಿತ್ರಗಳು ಹೋಗಲಾರದ ಕಡೆಗೆ ಒಂದು ಹಾಡು ಹೋಯಿತು.

ಹಾಡಿನ ಸೊಗಸು ಇದಕ್ಕೆ ಒಂದು ಕಾರಣ. ಇನ್ನೊಂದು ಕಾರಣ ಕಾನೂನಿನಲ್ಲಿದೆ. ನಮ್ಮಲ್ಲಿ ಸಿನಿಮಾವನ್ನು ಜನರಿಗೆ ತೋರಿಸುವ ಮೊದಲೇ ತಡೆಯಬಹುದು. ಬೀದಿಯಲ್ಲಿ ನಿಂತು ಹಾಡುವ ಹಾಡನ್ನು ಹಾಗೆ ಮೊದಲೇ ತಡೆಯಲು ಆಗುವುದಿಲ್ಲ. ಹಾಡಿ ಮುಗಿದ ಮೇಲೆ ಹಾಡಿದವರನ್ನು ಹಿಡಿಯಬಹುದು. ಸಾಮಾಜಿಕ ನ್ಯಾಯಕ್ಕಾಗಿ ಕ್ಯಾಮೆರಾವನ್ನೂ ಹಾಡನ್ನೂ ಒಟ್ಟಿಗೆ ಬಳಸುವವರು ಈ ಎರಡು ವ್ಯವಸ್ಥೆಗಳ ನಡುವೆ ಸಿಕ್ಕಿಕೊಂಡಿದ್ದಾರೆ. ಇದರಲ್ಲಿ ಜಾಸ್ತಿ ಪೆಟ್ಟು ತಿನ್ನುತ್ತಿರುವವರು ಹಾಡುಗಾರರು ಎಂಬುದು ನನ್ನ ವಾದ. ಸೆನ್ಸಾರ್ ಬಗ್ಗೆ ಇಷ್ಟೊಂದು ಮಾತಾಡುವ ನಾವು ಅವರ ಬಗ್ಗೆ ಬಹಳ ಕಡಿಮೆ ಮಾತಾಡುತ್ತೇವೆ.

ಮೊದಲು ಸಿನಿಮಾದ ಕಡೆ ನೋಡೋಣ. 1952ರ ಸಿನಿಮಾಟೋಗ್ರಾಫ್ ಕಾಯ್ದೆ ಪ್ರಕಾರ ಸಾರ್ವಜನಿಕವಾಗಿ ತೋರಿಸುವ ಚಿತ್ರಕ್ಕೆ ಸೆನ್ಸಾರ್ ಮಂಡಳಿಯ ಪ್ರಮಾಣಪತ್ರ ಬೇಕು. ನೂರಾರು ಕೋಟಿಯ ಸಿನಿಮಾಕ್ಕೂ ಅದೇ ನಿಯಮ, ಒಬ್ಬರೇ ಕ್ಯಾಮೆರಾ ಹಿಡಿದು ಮಾಡಿದ ನಲವತ್ತು ನಿಮಿಷದ ಚಿತ್ರಕ್ಕೂ ಅದೇ ನಿಯಮ. ಪ್ರಮಾಣಪತ್ರ ಇಲ್ಲದೆ ತೋರಿಸಿದರೆ ಮೂರು ವರ್ಷದವರೆಗೆ ಜೈಲು ಆಗಬಹುದು. ಪತ್ರಿಕೆಗೂ ಪುಸ್ತಕಕ್ಕೂ ಇಂಥ ಮುಂಗಡ ಪರವಾನಗಿ ಇಲ್ಲ.

ಈ ನಿಯಮಕ್ಕೆ ಸುಪ್ರೀಂ ಕೋರ್ಟ್ ಮುದ್ರೆ ಬಿದ್ದಿದ್ದು ಒಂದು ಸಾಕ್ಷ್ಯಚಿತ್ರದ ಪ್ರಕರಣದಲ್ಲಿ. ಖ್ವಾಜಾ ಅಹ್ಮದ್ ಅಬ್ಬಾಸ್ ನಾಲ್ಕು ಮಹಾನಗರಗಳ ಸಿರಿತನ, ಬಡತನಗಳನ್ನು ಪಕ್ಕಪಕ್ಕದಲ್ಲಿಟ್ಟು ಒಂದು ಕಿರುಚಿತ್ರ ಮಾಡಿದ್ದರು. ಮುಂಬೈನ ವೇಶ್ಯಾವಾಟಿಕೆಯ ಕೆಲವು ದೃಶ್ಯಗಳ ಬಗ್ಗೆ ಮಂಡಳಿ ತಕರಾರು ತೆಗೆಯಿತು. ತೋರಿಸುವ ಮೊದಲೇ ಸೆನ್ಸಾರ್ ಮಾಡುವುದೇ ತಪ್ಪು ಎಂದು ಅಬ್ಬಾಸ್ ವಾದಿಸಿದರು. 1970ರಲ್ಲಿ ಕೋರ್ಟ್ ಒಪ್ಪಲಿಲ್ಲ. ಚಲನಚಿತ್ರ ಬೇರೆ ಕಲೆಗಳಿಗಿಂತ ಹೆಚ್ಚು ಆಳವಾಗಿ ಮನ ಕಲಕುತ್ತದೆ, ಹಾಗಾಗಿ ಅದನ್ನು ಬೇರೆಯಾಗಿ ನೋಡಬಹುದು ಎಂದಿತು. ಅರ್ಧ ಶತಮಾನ ದಾಟಿದರೂ ಆ ತರ್ಕವೇ ಚಾಲ್ತಿಯಲ್ಲಿದೆ. ಅಂಗೈಯಲ್ಲಿ ಫೋನ್ ಹಿಡಿದು ದಿನವಿಡೀ ವಿಡಿಯೊ ನೋಡುವ ಕಾಲದಲ್ಲಿ ಇದು ಇನ್ನೂ ನಿಂತಿರುವುದು ನನಗೆ ಸರಿ ಕಾಣುವುದಿಲ್ಲ.

ಆದರೂ ಸಿನಿಮಾದ ಜಗಳಕ್ಕೆ ಒಂದು ಗೊತ್ತಾದ ರೀತಿ ಇದೆ. ಮಂಡಳಿ ಕಟ್ ಹೇಳುತ್ತದೆ, ನಿರ್ದೇಶಕರು ಮೇಲ್ಮನವಿ ಹಾಕುತ್ತಾರೆ, ಕೋರ್ಟ್ ತೀರ್ಪು ಕೊಡುತ್ತದೆ. ಸಾಕ್ಷ್ಯಚಿತ್ರ ನಿರ್ದೇಶಕ ಆನಂದ್ ಪಟವರ್ಧನ್ ಅವರ ಹಲವು ಚಿತ್ರಗಳು ದೂರದರ್ಶನ ತಲುಪಿದ್ದು ಕೋರ್ಟ್ ಆದೇಶದ ಮೂಲಕವೇ. ಅಣುಬಾಂಬ್ ಪರೀಕ್ಷೆಯ ಕುರಿತ ಅವರ ಚಿತ್ರಕ್ಕೆ ಮಂಡಳಿ ಹೇಳಿದ್ದ ಕಟ್‌ಗಳನ್ನೆಲ್ಲ 2003ರಲ್ಲಿ ಬಾಂಬೆ ಹೈಕೋರ್ಟ್ ತಳ್ಳಿಹಾಕಿತು. ಗೆಲ್ಲಲು ವರ್ಷಗಳು ಬೇಕಾದವು, ನಿಜ. ಆದರೆ ಗೆಲುವು ಸಿಕ್ಕಿತು. ಈ ದಾರಿಯೂ 2021ರಲ್ಲಿ ಇನ್ನಷ್ಟು ಕಡಿದಾಯಿತು. ಮಂಡಳಿಯ ತೀರ್ಮಾನದ ವಿರುದ್ಧ ಹೋಗಬಹುದಾಗಿದ್ದ ಮೇಲ್ಮನವಿ ನ್ಯಾಯಮಂಡಳಿಯನ್ನು ಕೇಂದ್ರ ರದ್ದು ಮಾಡಿತು. ಈಗ ನೇರ ಹೈಕೋರ್ಟ್‌ಗೇ ಹೋಗಬೇಕು. ದೊಡ್ಡ ನಿರ್ಮಾಪಕರಿಗೆ ವಕೀಲರ ಶುಲ್ಕ ಒಂದು ಲೆಕ್ಕವಲ್ಲ. ಸಾಲ ಮಾಡಿ ಎಡಿಟಿಂಗ್ ಮುಗಿಸಿದ ಸ್ವತಂತ್ರ ನಿರ್ದೇಶಕಿಗೆ ಅದು ಇಡೀ ಚಿತ್ರದ ಖರ್ಚಿನಷ್ಟಾಗಬಹುದು.

ಸೆನ್ಸಾರ್ ಒಂದೇ ಬೀಗ ಅಂದುಕೊಂಡರೆ ತಪ್ಪು. ಸಂವಿಧಾನದಲ್ಲಿ ಚಿತ್ರಕ್ಕೆ ಅನುಮತಿ ಕೊಡುವುದು ಕೇಂದ್ರದ ಪಟ್ಟಿಯಲ್ಲಿದೆ, ಚಿತ್ರಮಂದಿರ ರಾಜ್ಯದ ಪಟ್ಟಿಯಲ್ಲಿದೆ. ಕರ್ನಾಟಕದಲ್ಲಿ 1964ರ ಸಿನಿಮಾ ನಿಯಂತ್ರಣ ಕಾಯ್ದೆ ಪ್ರಕಾರ ತೋರಿಸುವ ಜಾಗಕ್ಕೇ ಲೈಸೆನ್ಸ್ ಬೇಕು. ಕಾಲೇಜಿನ ಸೆಮಿನಾರ್ ಹಾಲ್, ಸಂಘದ ಕಚೇರಿ, ಯಾರದೋ ಮನೆಯ ಮಹಡಿ ಇವೆಲ್ಲ ಸಾರ್ವಜನಿಕ ಪ್ರದರ್ಶನವೋ ಖಾಸಗಿಯೋ ಎಂಬುದು ಸ್ಪಷ್ಟವಿಲ್ಲ. ಈ ಗೊಂದಲವೇ ಸಾಕು. ಪ್ರದರ್ಶನದ ಹಿಂದಿನ ದಿನ ಹಾಲ್‌ನವರಿಗೆ ಠಾಣೆಯಿಂದ ಒಂದು ಫೋನ್ ಬಂದರೆ ಕಾರ್ಯಕ್ರಮ ನಿಂತೇ ಹೋಗುತ್ತದೆ. ಲಿಖಿತ ಆದೇಶ ಇರುವುದಿಲ್ಲ. ಆದೇಶವೇ ಇಲ್ಲದಿದ್ದರೆ ಯಾವುದನ್ನು ಪ್ರಶ್ನಿಸಿ ಕೋರ್ಟ್‌ಗೆ ಹೋಗುವುದು?

ಸುಪ್ರೀಂ ಕೋರ್ಟ್ ಈ ವಿಷಯದಲ್ಲಿ ಸ್ಪಷ್ಟವಾಗಿಯೇ ಮಾತಾಡಿದೆ. ಪ್ರತಿಭಟನೆಯ ಬೆದರಿಕೆ ಇದೆ ಎಂದು ಚಿತ್ರ ನಿಲ್ಲಿಸುವಂತಿಲ್ಲ, ರಕ್ಷಣೆ ಕೊಡುವುದು ಸರ್ಕಾರದ ಕರ್ತವ್ಯ ಎಂದು 1989ರ ರಂಗರಾಜನ್ ಪ್ರಕರಣದಲ್ಲಿ ಹೇಳಿತು. 2019ರಲ್ಲಿ ಬಂಗಾಳಿ ಚಿತ್ರವೊಂದು ಚಿತ್ರಮಂದಿರಗಳಿಂದ ಸದ್ದಿಲ್ಲದೆ ಮಾಯವಾದಾಗ ಪಶ್ಚಿಮ ಬಂಗಾಳ ಸರ್ಕಾರಕ್ಕೆ 20 ಲಕ್ಷ ರೂಪಾಯಿ ಪರಿಹಾರ ಕೊಡಲು ಹೇಳಿತು. ಆದರೆ ಅದು ದುಡ್ಡು ಹಾಕಿದ ನಿರ್ಮಾಪಕರಿದ್ದ ಕಥಾಚಿತ್ರ. ಅರವತ್ತು ಕುರ್ಚಿಯ ಹಾಲ್‌ನಲ್ಲಿ ರದ್ದಾದ ಪ್ರದರ್ಶನಕ್ಕಾಗಿ ದಿಲ್ಲಿಯವರೆಗೆ ಯಾರು ಹೋಗುತ್ತಾರೆ?

ಸಾಕ್ಷ್ಯಚಿತ್ರದವರು ಸುಮ್ನೆ ಕೂತಿಲ್ಲ. 2004ರ ಮುಂಬೈ ಅಂತರರಾಷ್ಟ್ರೀಯ ಚಿತ್ರೋತ್ಸವಕ್ಕೆ ಭಾರತದ ಚಿತ್ರಗಳಿಗೆ ಮಾತ್ರ ಸೆನ್ಸಾರ್ ಪ್ರಮಾಣಪತ್ರ ಬೇಕು ಎಂದಾಗ ನೂರಾರು ನಿರ್ದೇಶಕರು ಒಟ್ಟಾದರು. ನಿಯಮವೇನೋ ಹಿಂದೆ ಸರಿಯಿತು, ಆದರೆ ಹಲವು ಚಿತ್ರಗಳನ್ನು ಆಯ್ಕೆಯಲ್ಲೇ ಬಿಡಲಾಯಿತು. ಆಗ ಅವರು 'ವಿಕಲ್ಪ' ಹೆಸರಿನಲ್ಲಿ ಅದೇ ಊರಿನಲ್ಲಿ, ಅದೇ ದಿನಗಳಲ್ಲಿ ತಮ್ಮದೇ ಉತ್ಸವ ನಡೆಸಿದರು. ಅದೇ ವರ್ಷ ರಾಕೇಶ್ ಶರ್ಮಾ ಅವರ ಗುಜರಾತ್ ಹಿಂಸೆಯ ಕುರಿತ ಚಿತ್ರಕ್ಕೆ ಮಂಡಳಿ ಪ್ರಮಾಣಪತ್ರ ನಿರಾಕರಿಸಿತು. ಅವರು ಸಿ.ಡಿ.ಯನ್ನು ಉಚಿತವಾಗಿ ಹಂಚಿದರು. ಷರತ್ತು ಒಂದೇ: ತೆಗೆದುಕೊಂಡವರು ಐದು ಪ್ರತಿ ಮಾಡಿ ಹಂಚಬೇಕು. ಆ ವರ್ಷ ಮುಗಿಯುವುದರೊಳಗೆ ಮಂಡಳಿಯೇ ನಿರ್ಧಾರ ಬದಲಿಸಿತು.

ಈಗ ಯೂಟ್ಯೂಬ್ ಇದೆಯಲ್ಲ, ತೊಂದರೆ ಏನು ಎಂದು ಕೇಳುವವರಿದ್ದಾರೆ. ತೋಟಿ ಕಾರ್ಮಿಕರ ಬದುಕಿನ ಬಗ್ಗೆ ದಿವ್ಯಭಾರತಿ 2017ರಲ್ಲಿ ತಮಿಳಿನಲ್ಲಿ ಮಾಡಿದ 'ಕಕ್ಕೂಸ್' ಚಿತ್ರಕ್ಕೆ ಪೊಲೀಸರು ಪ್ರದರ್ಶನದ ಅನುಮತಿ ನಿರಾಕರಿಸಿದರು. ಅವರು ಚಿತ್ರವನ್ನು ಯೂಟ್ಯೂಬ್‌ಗೆ ಹಾಕಿದರು. ಜನ ನೋಡಿದರು. ಆದರೆ ಬೆದರಿಕೆಗಳೂ ಬಂದವು, ಕೇಸುಗಳೂ ಬಿದ್ದವು. ಚಿತ್ರ ಹೇಳುತ್ತಿದ್ದ ವಿಷಯ ಹೊಸದೇನಲ್ಲ. ಮಲ ಹೊರುವ ಪದ್ಧತಿಯನ್ನು 2013ರ ಕಾಯ್ದೆ ನಿಷೇಧಿಸಿದೆ. ಚರಂಡಿಯಲ್ಲಿ ಸತ್ತವರ ಕುಟುಂಬಕ್ಕೆ ಕೊಡುವ ಪರಿಹಾರವನ್ನು 2023ರಲ್ಲಿ ಸುಪ್ರೀಂ ಕೋರ್ಟ್ 10 ಲಕ್ಷದಿಂದ 30 ಲಕ್ಷಕ್ಕೆ ಏರಿಸಿತು. ಕೋರ್ಟ್ ತೀರ್ಪಿನಲ್ಲಿ ಓದಬಹುದಾದ ಸಂಗತಿಯನ್ನು ಪರದೆಯ ಮೇಲೆ ನೋಡಬಾರದು ಎಂದರೆ ಏನರ್ಥ?

ಒಟಿಟಿಗೆ ಸೆನ್ಸಾರ್ ಪ್ರಮಾಣಪತ್ರ ಬೇಕಿಲ್ಲ. 2021ರ ಐಟಿ ನಿಯಮಗಳ ಪ್ರಕಾರ ಕಂಪನಿಗಳೇ ವಯಸ್ಸಿನ ವರ್ಗೀಕರಣ ಮಾಡಿಕೊಳ್ಳುತ್ತವೆ. ಅದು ಸ್ವಾತಂತ್ರ್ಯದ ದಾರಿ ಆಗಬಹುದಿತ್ತು. ಆದರೆ ಅದೇ ವರ್ಷ ಒಂದು ವೆಬ್ ಸರಣಿಯ ಮೇಲೆ ಬೇರೆ ಬೇರೆ ರಾಜ್ಯಗಳಲ್ಲಿ ಎಫ್‌ಐಆರ್ ದಾಖಲಾದವು. ಆಮೇಲೆ ಕಂಪನಿಗಳು ತಾವಾಗಿಯೇ ಹಿಂಜರಿಯತೊಡಗಿದವು. ಅಪರಾಧ, ಕ್ರಿಕೆಟ್, ತಾರೆಯರ ಬದುಕಿನ ಸಾಕ್ಷ್ಯಚಿತ್ರಕ್ಕೆ ದುಡ್ಡು ಸಿಗುತ್ತದೆ. ಜಾತಿ, ಭೂಮಿ, ಪೊಲೀಸ್ ಹಿಂಸೆಯ ಚಿತ್ರ ಎಂದರೆ ಉತ್ತರವೇ ಬರುವುದಿಲ್ಲ. 2021 ಮತ್ತು 2022ರಲ್ಲಿ ಸತತವಾಗಿ ಕಾನ್ ಚಿತ್ರೋತ್ಸವದ ಅತ್ಯುತ್ತಮ ಸಾಕ್ಷ್ಯಚಿತ್ರ ಪ್ರಶಸ್ತಿ ಭಾರತೀಯ ನಿರ್ದೇಶಕರಿಗೆ ಬಂದಿದೆ. ಪ್ರತಿಭೆ ಇದೆ. ಇಲ್ಲಿನ ಜನ ಅದನ್ನು ನೋಡಲು ಜಾಗ ಇಲ್ಲ.

ಇನ್ನು ಹಾಡಿನ ಕಡೆ ಬರೋಣ. ಇಲ್ಲಿ ಲೆಕ್ಕವೇ ಬೇರೆ.

1997ರ ಜುಲೈ 11ರಂದು ಮುಂಬೈನ ರಮಾಬಾಯಿ ನಗರದಲ್ಲಿ ಅಂಬೇಡ್ಕರ್ ಪ್ರತಿಮೆಗೆ ಚಪ್ಪಲಿ ಹಾರ ಹಾಕಿದ್ದನ್ನು ಪ್ರತಿಭಟಿಸಿದ ದಲಿತರ ಮೇಲೆ ಪೊಲೀಸರು ಗುಂಡು ಹಾರಿಸಿದರು. ಹತ್ತು ಜನ ಸತ್ತರು. ಕೆಲವೇ ದಿನಗಳಲ್ಲಿ, ದಲಿತ ಕವಿ ಮತ್ತು ಹಾಡುಗಾರ ವಿಲಾಸ್ ಘೋಗ್ರೆ ಆ ನೋವಿನಲ್ಲಿ ಪ್ರಾಣ ಕಳೆದುಕೊಂಡರು. ಪಟವರ್ಧನ್ ಅವರ ಹಿಂದಿನ ಚಿತ್ರವೊಂದರಲ್ಲಿ ಹಾಡಿದ್ದವರು ಅವರು. ಆ ಸಾವಿನಿಂದ ಶುರುವಾದ ಚಿತ್ರೀಕರಣ ಹದಿನಾಲ್ಕು ವರ್ಷ ನಡೆದು 2011ರಲ್ಲಿ 'ಜೈ ಭೀಮ್ ಕಾಮ್ರೇಡ್' ಆಯಿತು. ಅದು ಹಾಡುಗಳಿಂದಲೇ ಕಟ್ಟಿದ ಚಿತ್ರ. ಮಹಾರಾಷ್ಟ್ರದ ಬಸ್ತಿಗಳಲ್ಲಿ, ಅಂದರೆ ಬಡವರ ಕೇರಿಗಳಲ್ಲಿ, ಅಂಬೇಡ್ಕರ್ ಅವರನ್ನು ಓದದವರಿಗೂ ಅವರ ವಿಚಾರ ತಲುಪಿದ್ದು ಹಾಡಿನ ಮೂಲಕ ಎಂಬುದನ್ನು ಅದು ತೋರಿಸಿತು. ನಮ್ಮಲ್ಲೂ ದಲಿತ ಸಂಘರ್ಷ ಸಮಿತಿಯ ದಿನಗಳಲ್ಲಿ ಇದೇ ಆಗಿದ್ದು. ಸಿದ್ದಲಿಂಗಯ್ಯನವರ ಸಾಲುಗಳು ಪುಸ್ತಕ ಕೊಳ್ಳಲಾಗದವರ ಬಾಯಲ್ಲಿದ್ದವು. 'ಸಮುದಾಯ' ರಂಗತಂಡದ ಜಾಥಾಗಳು ಬಂದ ಊರಿನಲ್ಲಿ ಭಾಷಣ ಮರೆತುಹೋದರೂ ಹಾಡು ಉಳಿಯುತ್ತಿತ್ತು.

'ಜೈ ಭೀಮ್ ಕಾಮ್ರೇಡ್' ಚಿತ್ರದಲ್ಲಿ ಪುಣೆಯ ಯುವ ತಂಡ ಕಬೀರ್ ಕಲಾ ಮಂಚ್ ಕೂಡ ಇದೆ. ಚಿತ್ರಕ್ಕೆ 2012ರಲ್ಲಿ ರಾಷ್ಟ್ರ ಪ್ರಶಸ್ತಿ ಬಂತು. ಆ ಹೊತ್ತಿಗೆ ತಂಡದ ಕೆಲವರು ಭಯೋತ್ಪಾದನೆ ತಡೆಯ ಕಾಯ್ದೆಯಾದ ಯುಎಪಿಎ ಅಡಿ ಬಂಧನದಲ್ಲಿದ್ದರು, ಕೆಲವರು ತಲೆಮರೆಸಿಕೊಂಡಿದ್ದರು. ಆರೋಪ ಮಾವೋವಾದಿಗಳ ನಂಟಿನದ್ದು. 2013ರ ಏಪ್ರಿಲ್‌ನಲ್ಲಿ ಶೀತಲ್ ಸಾಠೆ ಮತ್ತು ಸಚಿನ್ ಮಾಳಿ ಮಹಾರಾಷ್ಟ್ರ ವಿಧಾನಭವನದ ಮುಂದೆ ಬಹಿರಂಗವಾಗಿ ಬಂದು ಪೊಲೀಸರ ವಶವಾದರು. ಗರ್ಭಿಣಿಯಾಗಿದ್ದ ಶೀತಲ್ ಅವರಿಗೆ ಆ ವರ್ಷವೇ ಬಾಂಬೆ ಹೈಕೋರ್ಟ್ ಜಾಮೀನು ಕೊಟ್ಟಿತು. ಸಚಿನ್ ಮತ್ತು ಇನ್ನಿಬ್ಬರಿಗೆ ಸುಪ್ರೀಂ ಕೋರ್ಟ್‌ನಲ್ಲಿ ಜಾಮೀನು ಸಿಕ್ಕಿದ್ದು 2017ರ ಜನವರಿಯಲ್ಲಿ. ಅಂದರೆ ವಿಚಾರಣೆ ಮುಗಿಯುವ ಮೊದಲೇ ಮೂರೂವರೆ ವರ್ಷಕ್ಕೂ ಹೆಚ್ಚು ಕಾಲ ಜೈಲು. ಯುಎಪಿಎಯ 43ಡಿ(5) ಕಲಂ ಇರುವುದೇ ಹಾಗೆ. ಆರೋಪ ಮೇಲ್ನೋಟಕ್ಕೆ ನಿಜ ಅನ್ನಿಸಿದರೆ ಜಾಮೀನು ಕೊಡುವಂತಿಲ್ಲ.

ತಮಿಳುನಾಡಿನ ಹಾಡುಗಾರ ಕೋವನ್ ಅವರ ಪ್ರಕರಣವನ್ನೂ ನೆನಪಿಸಿಕೊಳ್ಳಬೇಕು. ಸರ್ಕಾರಿ ಮದ್ಯದಂಗಡಿಗಳ ವಿರುದ್ಧ ಹಾಡಿದ್ದಕ್ಕೆ 2015ರ ಅಕ್ಟೋಬರ್‌ನಲ್ಲಿ ಅವರ ಮೇಲೆ ಹಾಕಿದ್ದು ರಾಜದ್ರೋಹದ ಕೇಸು. ಹೆಂಡದಂಗಡಿ ಮುಚ್ಚಿ ಎನ್ನುವುದಕ್ಕೆ ರಾಜದ್ರೋಹ!

ಎರಡನ್ನೂ ಜೊತೆಗಿಟ್ಟು ನೋಡಿ. ನಿರ್ದೇಶಕರಿಗೆ ಬರುವುದು ಕಟ್‌ಗಳ ಪಟ್ಟಿ, ಹಾಡುಗಾರರಿಗೆ ಬರುವುದು ವಾರಂಟ್. ಒಂದೇ ಮಾತನ್ನು ಇಬ್ಬರೂ ಹೇಳಿರುತ್ತಾರೆ. ಚಿತ್ರಕ್ಕೆ ಒಂದು ಮಂಡಳಿ ಇರುವುದರಿಂದ ಅದರ ಜಗಳ ಆಡಳಿತದ ಜಗಳವಾಗಿ ಉಳಿಯುತ್ತದೆ. ಹಾಡಿಗೆ ಮಂಡಳಿ ಇಲ್ಲ, ಹಾಗಾಗಿ ಅದನ್ನು ಅಡಗಿಸಬೇಕೆಂದರೆ ಉಳಿಯುವುದು ಕ್ರಿಮಿನಲ್ ಕಾನೂನು ಮಾತ್ರ. ಇದಕ್ಕೆ ಜಾತಿ, ವರ್ಗಗಳ ಲೆಕ್ಕವೂ ಸೇರುತ್ತದೆ. ಇಂಗ್ಲಿಷ್ ಬಲ್ಲ, ವಿದೇಶಿ ಉತ್ಸವಗಳ ಪರಿಚಯವಿರುವ ನಿರ್ದೇಶಕರ ಮೇಲೆ ಕೈಯಿಡುವ ಮೊದಲು ಪೊಲೀಸರು ಒಮ್ಮೆ ಯೋಚಿಸುತ್ತಾರೆ. ಬಸ್ತಿಯಿಂದ ಬಂದ ಹುಡುಗ ಹುಡುಗಿಯರ ವಿಷಯದಲ್ಲಿ ಆ ಯೋಚನೆಯೂ ಇರುವುದಿಲ್ಲ. ಆನಂದ್ ಪಟವರ್ಧನ್ ಮತ್ತು ಅವರ ಸಂಗಾತಿಗಳು ಕಬೀರ್ ಕಲಾ ಮಂಚ್ ಪರವಾಗಿ ರಕ್ಷಣಾ ಸಮಿತಿ ಕಟ್ಟಿದರು. ಅದು ಒಳ್ಳೆಯ ಕೆಲಸ. ಆದರೆ ಅಂಥದ್ದು ಅಪರೂಪ.

ಹಾಡು ಚಿತ್ರದೊಳಗೆ ಏನು ಮಾಡುತ್ತದೆ ಎನ್ನುವುದನ್ನೂ ಸ್ವಲ್ಪ ನೋಡಬೇಕು. ಸಾಕ್ಷ್ಯಚಿತ್ರದಲ್ಲಿ ಎರಡು ಥರದ ಸಂಗೀತ ಇರುತ್ತದೆ. ಒಂದು, ಜಾಗದಲ್ಲೇ ರೆಕಾರ್ಡ್ ಆದದ್ದು. ಧರಣಿಯಲ್ಲಿ ಕೂತ ಹೆಂಗಸು ಹಾಡುತ್ತಾಳೆ, ಹಿಂದೆ ಮಗು ಅಳುತ್ತದೆ, ಲಾರಿ ಹಾರ್ನ್ ಕೇಳುತ್ತದೆ. ಅದು ಅವಳ ಹೇಳಿಕೆಯಷ್ಟೇ ಗಟ್ಟಿಯಾದ ಸಾಕ್ಷಿ. ಇನ್ನೊಂದು, ಎಡಿಟಿಂಗ್ ಟೇಬಲ್‌ನಲ್ಲಿ ಸೇರಿಸಿದ್ದು. ಸಾವಿನ ಮನೆಯ ದೃಶ್ಯದ ಮೇಲೆ ಕೊಳಲು, ಲಾಠಿಯ ಮೇಲೆ ಡ್ರಮ್. ಇದು ನೋಡುವವರಿಗೆ ಎಲ್ಲಿ ಅಳಬೇಕು, ಎಲ್ಲಿ ಸಿಟ್ಟಾಗಬೇಕು ಎಂದು ಹೇಳಿಕೊಡುತ್ತದೆ. ಸಂಗೀತ ಗೊತ್ತಿರುವ ನಿರ್ದೇಶಕರಿಗೆ ಈ ಆಸೆ ಜಾಸ್ತಿ. ತಾವೇ ನುಡಿಸಬಲ್ಲರಲ್ಲ! ಒಳ್ಳೆಯವರು ಇಲ್ಲಿ ಕೈ ಹಿಡಿತದಲ್ಲಿಡುತ್ತಾರೆ. ನೊಂದವರು ಮಾತು ನಿಲ್ಲಿಸಿ ಸುಮ್ಮನಾದಾಗ ಆ ಮೌನವನ್ನು ಹಾಗೇ ಬಿಡುತ್ತಾರೆ. ಅಲ್ಲಿ ಪಿಟೀಲು ತುಂಬಿದರೆ ಅವರ ದುಃಖ ನಿರ್ದೇಶಕರ ದುಃಖವಾಗಿಬಿಡುತ್ತದೆ.

ತಾವೇ ಸಂಗೀತ ಮಾಡಿಕೊಳ್ಳುವುದಕ್ಕೆ ದುಡ್ಡಿನ ಕಾರಣವೂ ಇದೆ. ಬೀದಿಯಲ್ಲಿ ಶೂಟಿಂಗ್ ಮಾಡುವಾಗ ಟೀ ಅಂಗಡಿಯ ರೇಡಿಯೊದಿಂದ ಸಿನಿಮಾ ಹಾಡು ಕೇಳಿಸಿದರೂ ಸಾಕು, ಯೂಟ್ಯೂಬ್‌ನ ಕಾಂಟೆಂಟ್ ಐಡಿ ವ್ಯವಸ್ಥೆ ಅದನ್ನು ಗುರುತಿಸಿ ಕಂಪನಿಯ ಹೆಸರಿನಲ್ಲಿ ಹಕ್ಕು ಕೇಳಬಹುದು. ಧ್ವನಿಮುದ್ರಣದ ಕಾಪಿರೈಟ್ 60 ವರ್ಷ ಇರುತ್ತದೆ. ರೈಟ್ಸ್ ಕೊಳ್ಳುವ ಶಕ್ತಿ ಸಣ್ಣ ಚಿತ್ರಕ್ಕೆ ಇರುವುದಿಲ್ಲ. ಹಾಗಾಗಿ ಗಿಟಾರ್ ಹಿಡಿಯಲು ಬರುವ ನಿರ್ದೇಶಕರು ಸ್ವತಃ ರಾಗ ಹಾಕುತ್ತಾರೆ. ಇಲ್ಲವೇ ಹಳ್ಳಿಯ ಹಾಡು ಬಳಸುತ್ತಾರೆ.

ಹಳ್ಳಿಯ ಹಾಡು ಬಳಸುವಲ್ಲೇ ನನಗೆ ಹೆಚ್ಚು ಬೇಸರ ತರುವ ಸಂಗತಿ ಇದೆ. ಎಷ್ಟೋ ಚಿತ್ರಗಳ ಕೊನೆಯಲ್ಲಿ ಸಂಗೀತದ ಮುಂದೆ 'ಜನಪದ' ಎಂದಷ್ಟೇ ಇರುತ್ತದೆ. ಹಾಡಿದ ಅಜ್ಜಿಗೆ ಹೆಸರಿದೆ, ಊರಿದೆ. ಧರಣಿಯಲ್ಲಿ ಹುಟ್ಟಿದ ಹಾಡಿಗೆ ಬರೆದವರೂ ಇರುತ್ತಾರೆ. ಕಾಪಿರೈಟ್ ಕಾಯ್ದೆಯ 2012ರ ತಿದ್ದುಪಡಿ ಹಾಡು ಬರೆದವರಿಗೆ, ರಾಗ ಹಾಕಿದವರಿಗೆ, ಹಾಡಿದವರಿಗೆ ರಾಯಲ್ಟಿಯ ಹಕ್ಕನ್ನು ಗಟ್ಟಿ ಮಾಡಿತು. ಆದರೆ ಯಾವ ಸಂಘದಲ್ಲೂ ನೋಂದಣಿ ಆಗದ, ಕರಾರು ಓದಲಾಗದ ಹಾಡುಗಾರರಿಗೆ ಅದರಿಂದ ಒಂದು ರೂಪಾಯಿಯೂ ಬರುವುದಿಲ್ಲ. ನ್ಯಾಯದ ಬಗ್ಗೆ ಮಾಡಿದ ಚಿತ್ರ ತನ್ನೊಳಗಿನ ದುಡಿಮೆಗೇ ಬೆಲೆ ಕೊಡದಿದ್ದರೆ ಅದನ್ನು ಹೇಗೆ ಒಪ್ಪುವುದು?

ಕಥೆಯ ವಿಷಯದಲ್ಲೂ ಇದೇ ಪ್ರಶ್ನೆ ಏಳುತ್ತದೆ. ದಲಿತ ಮಹಿಳೆಯರು ಮುನ್ನಡೆಸುವ ಪತ್ರಿಕೆ 'ಖಬರ್ ಲಹರಿಯಾ' ಕುರಿತ ಚಿತ್ರ 2022ರಲ್ಲಿ ಆಸ್ಕರ್‌ಗೆ ನಾಮನಿರ್ದೇಶನಗೊಂಡಿತ್ತು. ಪ್ರಶಸ್ತಿ ಸಮಾರಂಭಕ್ಕೆ ಕೆಲವೇ ದಿನ ಇರುವಾಗ ಪತ್ರಿಕೆಯೇ ಹೇಳಿಕೆ ಕೊಟ್ಟಿತು. ಚಿತ್ರ ಮನಮುಟ್ಟುವಂತಿದೆ, ಆದರೆ ನಾವು ಒಂದೇ ಪಕ್ಷದ ಬೆನ್ನು ಹತ್ತಿದವರಂತೆ ತೋರಿಸಿದ್ದು ಸರಿಯಲ್ಲ ಎಂಬುದು ಅದರ ಸಾರ. ನಿರ್ದೇಶಕರಿಗೆ ತಮ್ಮದೇ ದೃಷ್ಟಿ ಇರುವ ಹಕ್ಕಿದೆ, ಒಪ್ಪೋಣ. ಆದರೆ ಚಿತ್ರ ಮುಗಿಸಿ ನಿರ್ದೇಶಕರು ಮುಂದಿನ ಉತ್ಸವಕ್ಕೆ ಹೋಗುತ್ತಾರೆ. ಪರದೆಯ ಮೇಲಿದ್ದವರು ಅದೇ ಜಿಲ್ಲೆಯಲ್ಲಿ, ಅದೇ ಪೊಲೀಸರ ನಡುವೆ, ಅದೇ ನೆರೆಹೊರೆಯಲ್ಲಿ ಬದುಕಬೇಕು. ಹಾಡುಗಾರರ ಪಾಡೂ ಇದೇ.

ಹಾಗಾದರೆ ಏನು ಮಾಡಬಹುದು? ಸಿನಿಮಾದ ಮಟ್ಟಿಗೆ ಹೊಸ ಕಾನೂನೇ ಬೇಕಿಲ್ಲ. ಸಿನಿಮಾಟೋಗ್ರಾಫ್ ಕಾಯ್ದೆಯ 9ನೇ ಕಲಂ ಪ್ರಕಾರ ಯಾವುದೇ ವರ್ಗದ ಚಿತ್ರಗಳಿಗೆ ಕೇಂದ್ರ ಸರ್ಕಾರ ಒಂದು ಲಿಖಿತ ಆದೇಶದಿಂದ ವಿನಾಯಿತಿ ಕೊಡಬಹುದು. ಚಿತ್ರೋತ್ಸವಗಳು ಇವತ್ತಿಗೂ ಹೀಗೆಯೇ ನಡೆಯುತ್ತಿವೆ, ಪ್ರತಿ ಸಲ ಅರ್ಜಿ ಹಾಕಿಕೊಂಡು. ಟಿಕೆಟ್ ಇಲ್ಲದ ಸಣ್ಣ ಪ್ರದರ್ಶನಗಳಿಗೆ, ಕಾಲೇಜು, ಗ್ರಂಥಾಲಯ, ಸಂಘಗಳಿಗೆ ಇದೇ ವಿನಾಯಿತಿಯನ್ನು ಒಮ್ಮೆಗೇ ಕೊಟ್ಟರೆ ಅರ್ಧ ತೊಂದರೆ ಹೋಗುತ್ತದೆ. 2023ರಲ್ಲಿ ಕಾಯ್ದೆಗೆ ತಿದ್ದುಪಡಿ ತಂದಾಗ ಪೈರಸಿಗೆ ಶಿಕ್ಷೆ ಹೆಚ್ಚಿಸಿದರು, ಮಕ್ಕಳು ಪೋಷಕರ ಮಾರ್ಗದರ್ಶನದಲ್ಲಿ ನೋಡಬಹುದಾದ ಯು/ಎ ವರ್ಗವನ್ನು 7, 13, 16 ವರ್ಷ ಎಂದು ವಿಂಗಡಿಸಿದರು. ಸಾಕ್ಷ್ಯಚಿತ್ರಗಳ ಸಣ್ಣ ಪ್ರದರ್ಶನಕ್ಕೆ ದಾರಿ ಮಾಡಿಕೊಡುವ ಅವಕಾಶ ಆಗಲೇ ಇತ್ತು, ಬಳಸಿಕೊಳ್ಳಲಿಲ್ಲ.

ಹಾಡುಗಾರರ ವಿಷಯ ಇಷ್ಟು ಸುಲಭವಲ್ಲ. ಜಾಮೀನಿನ ಕಲಂ ಬದಲಾಗಬೇಕಾದರೆ ಸಂಸತ್ತೇ ಮನಸ್ಸು ಮಾಡಬೇಕು. ಅಲ್ಲಿಯವರೆಗೆ ಚಿತ್ರ ಮಾಡುವವರ ಕೈಯಲ್ಲಿ ಕೆಲವು ಕೆಲಸಗಳಿವೆ. ಹಾಡಿದವರ ಪೂರ್ತಿ ಹೆಸರನ್ನು, ಅವರು ಬೇಡ ಎನ್ನದಿದ್ದರೆ, ಟೈಟಲ್‌ನಲ್ಲಿ ಹಾಕಬೇಕು. ಚಾನೆಲ್ ಅಥವಾ ಉತ್ಸವದಿಂದ ಬರುವ ಹಣದಲ್ಲಿ ಅವರಿಗೆಷ್ಟು ಎಂಬುದನ್ನು ಅವರ ಭಾಷೆಯಲ್ಲೇ ಬರೆದುಕೊಡಬೇಕು. ಎಡಿಟಿಂಗ್ ಮುಗಿಯುವ ಮೊದಲು ಅವರಿಗೆ ತೋರಿಸಿ, ಯಾವ ಸಾಲು ಅವರಿಗೆ ಅಪಾಯ ತರಬಹುದು ಎಂದು ಕೇಳಬೇಕು. ಚಿತ್ರದ ಬಜೆಟ್‌ನಲ್ಲಿ ಕ್ಯಾಮೆರಾ ಬಾಡಿಗೆಗೆ, ಸಬ್‌ಟೈಟಲ್‌ಗೆ ದುಡ್ಡು ಎತ್ತಿಡುತ್ತಾರಲ್ಲ, ಹಾಗೆಯೇ ಕಾನೂನು ನೆರವಿಗೆ ಒಂದು ಮೊತ್ತ ಇರಬೇಕು. ಅದು ನಿರ್ದೇಶಕರ ಸೆನ್ಸಾರ್ ಕೇಸಿಗಷ್ಟೇ ಖರ್ಚಾಗಬಾರದು. ಆ ಹಾಡಿಗಾಗಿ ಯಾರಾದರೂ ಠಾಣೆ ಹತ್ತಬೇಕಾದರೆ ಅವರ ವಕೀಲರಿಗೂ ಸಿಗಬೇಕು.